ಮೂವತ್ತೇಳು ಖಾಲಿ ಫೈಲುಗಳು

ದೊಡ್ಡಮ್ಮನ ಮಗಳು ಮಹಿಮಾ ಅಕ್ಕ ಸೂರತ್‌ನಿಂದ ಬೆಳಗಿನ ಟ್ರೇನಿಗೆ ವಡೋದರಾಕ್ಕೆ ಬಂದಳು. ಬ್ಯಾಗಿನಲ್ಲಿ ಒಂದು ಜೊತೆ ಬಟ್ಟೆ, ಕರ್ಚೀಫಿನಲ್ಲಿ ಸುತ್ತಿದ ಹಾರ್ಡ್ ಡಿಸ್ಕ್. ತಂಗಿ ವಿಂಧ್ಯಾಳ, ಅಂದರೆ ನನ್ನ, ಹಾಸ್ಟೆಲಿನಲ್ಲಿ ಎರಡು ದಿನ ಇದ್ದು ಬರುತ್ತೇನೆ ಎಂದು ಗಂಡನಿಗೆ ಹೇಳಿದ್ದಳು. ವಾಪಸು ಹೋಗುವ ಯೋಚನೆ ಅವಳಿಗಿರಲಿಲ್ಲ. ಸೋಮವಾರ ಡಿಸ್ಕನ್ನು ವಕೀಲೆಯ ಕೈಗೆ ಕೊಟ್ಟು ಗಂಡನ ಮೇಲೆ ಅರ್ಜಿ ಹಾಕಿಸಬೇಕು, ಸೂರತ್‌ನ ಅಡಾಜಣ್‌ನಲ್ಲಿರುವ ಆ ಫ್ಲ್ಯಾಟಿಗೆ ಇನ್ನು ಕಾಲಿಡಬಾರದು. ಆದರೆ ಡಿಸ್ಕಿನ ಫೈಲುಗಳು ತೆರೆಯುತ್ತಿರಲಿಲ್ಲ.

ನಾನು ಕೇಬಲ್ ಬದಲಿಸಿದೆ. ಬೇರೆ ಪೋರ್ಟಿಗೆ ಹಾಕಿದೆ. ಪಕ್ಕದ ರೂಮಿನ ಅದಿತಿಯ ಲ್ಯಾಪ್‌ಟಾಪಿನಲ್ಲೂ ನೋಡಿದೆ. ಮೂವತ್ತೇಳು ರೆಕಾರ್ಡಿಂಗುಗಳ ಹೆಸರು, ತಾರೀಖು, ಸೈಜು ಎಲ್ಲ ಕಾಣುತ್ತಿತ್ತು. ಒತ್ತಿದರೆ ಒಂದೂ ತೆರೆಯದು.

ಹಾಸ್ಟೆಲಿನ ಹತ್ತಿರವೇ ಫತೇಗಂಜ್‌ನಲ್ಲಿದ್ದ ಅಮೃತ್‌ಭಾಯಿಯ ಕಂಪ್ಯೂಟರ್ ರಿಪೇರಿ ಅಂಗಡಿಗೆ ಹೋದೆವು. ಆತ ಡಿಸ್ಕನ್ನು ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸಿದ. ಒಳಗೆ ಏನೋ ಉರುಳಿತು.

“ಎಲ್ಲಿ ತಗೊಂಡ್ರಿ, ಬೆಹನ್?”

“ಸೂರತ್ ಸ್ಟೇಶನ್ ಎದುರಿಗೆ. ಎರಡು ಟಿಬಿ ಅಂತ ಕೊಟ್ಟ,” ಎಂದಳು ಅಕ್ಕ.

ಸ್ಕ್ರೂ ಬಿಚ್ಚಿದ. ಒಳಗಿದ್ದದ್ದು ಹೆಬ್ಬೆರಳಿನಷ್ಟು ಅಗಲದ ಒಂದು ಮೆಮೊರಿ ಚಿಪ್, ಭಾರಕ್ಕೆಂದು ಅಂಟಿಸಿದ್ದ ಎರಡು ಕಬ್ಬಿಣದ ನಟ್ಟು. ಒಂದು ಕಿತ್ತು ಬಂದಿತ್ತು.

“ಮೂವತ್ತೆರಡು ಜಿಬಿ ಅಷ್ಟೇ ಇದು. ತುಂಬಿದ ಮೇಲೂ ತುಂಬಿತು ಅನ್ನಲ್ಲ. ಹೆಸರು ಬರ್ಕೊಳ್ಳುತ್ತೆ, ಮಾಲು ಎಸೆಯುತ್ತೆ.”

“ರಿಕವರಿ ಮಾಡಕ್ಕಾಗಲ್ವಾ?” ಎಂದೆ.

“ಹೋದದ್ದನ್ನ ವಾಪಸ್ ತರಬಹುದು. ಇದು ಒಳಗೆ ಬಂದೇ ಇಲ್ವಲ್ಲ.”

ಮೊದಲು ತುಂಬಿಸಿದ್ದು ಮಾತ್ರ ಉಳಿದಿತ್ತು. ಆತ ಒಂದನ್ನು ಒತ್ತಿದ. ನಾದಸ್ವರ ಜೋರಾಗಿ ಕೇಳಿಸಿತು. ಪೇಟ ತೊಟ್ಟ ಚೇತನ್ ಭಾವ ಕ್ಯಾಮೆರಾ ನೋಡಿ ನಗುತ್ತಿದ್ದರು.

“ಮದುವೆ ವೀಡಿಯೊ ಪೂರ್ತಿ ಉಳಿದಿದೆ, ಬೆಹನ್. ಲಕ್ಕಿ ನೀವು.”

ಅಕ್ಕ ಕೇಬಲ್ ಕಿತ್ತಳು.

ಇನ್ನೊಂದು ಪ್ರತಿ ಎಲ್ಲೂ ಇರಲಿಲ್ಲ. ಭಾವ ದಿನಾ ಅವಳ ಫೋನ್ ತೆಗೆದು ನೋಡುತ್ತಿದ್ದರು. ಹಾಗಾಗಿ ಅವರು ಬ್ಯಾಂಕಿಗೆ ಹೋದಾಗ ರೆಕಾರ್ಡಿಂಗನ್ನು ಡಿಸ್ಕಿಗೆ ಹಾಕಿ ಫೋನಿನಿಂದ ಅಳಿಸುತ್ತಿದ್ದಳು. ಎಂಟು ತಿಂಗಳು ಹಾಗೆ ಮಾಡಿದ್ದಳು.

ಬೇರೆ ಸಾಕ್ಷಿ ಸಿಗುವುದು ಕಷ್ಟ. ಭಾವ ಯಾವತ್ತೂ ದನಿ ಎತ್ತಿದವರಲ್ಲ. ಬೈಯುವುದು, ಹೆದರಿಸುವುದು ಎಲ್ಲ ಮೆಲ್ಲಗೆ, ಕನ್ನಡದಲ್ಲಿ. ಆ ಬಿಲ್ಡಿಂಗಿನಲ್ಲಿ ಕನ್ನಡ ಬರುವ ಇನ್ನೊಬ್ಬರಿಲ್ಲ. ರೆಕಾರ್ಡಿಂಗ್ ಇದ್ದರೆ ಅನುವಾದ ಮಾಡಿಸಬಹುದು, ಇಲ್ಲದಿದ್ದರೆ ಅಕ್ಕಪಕ್ಕದವರೆಲ್ಲ ಅವನ ಪರವೇ ಹೇಳುತ್ತಾರೆ ಎಂದು ವಕೀಲೆ ಮೊದಲೇ ಹೇಳಿದ್ದರು.

ಆದರೂ ಅಂಗಡಿಯ ಹೊರಗೆ ನಿಂತು ಅಕ್ಕ ಎದುರುಮನೆಯ ನೇಹಾಬೆನ್‌ಗೆ ಫೋನ್ ಮಾಡಿದಳು. ಸ್ಪೀಕರಿಗೆ ಹಾಕಿದಳು. ಇಬ್ಬರದೂ ಹಿಂದಿ.

“ಉತ್ತರಾಯಣ ಹಬ್ಬದ ದಿನ ನೀವು ತಟ್ಟೇಲಿ ಉಂಧಿಯು ಪಲ್ಯ ತಂದ್ರಲ್ಲ, ಬಾಗಿಲಲ್ಲಿ ಅವನು ನಂಗೇನೋ ಅಂದ. ನೆನಪಿದೆಯಾ?”

“ಇಲ್ಲದೆ ಏನು! ನಗ್ತಾ ಇದ್ರು. ತಟ್ಟೆ ತೊಳೆದು ಕೊಡು ಅಂದ್ರೇನೋ.”

“‘ನಗ್ತಾ ತಗೋ. ಇವಳು ಹೋದ್ಮೇಲೆ ಮೊನ್ನೆ ಥರ ಕೈ ಸುಡ್ತೀನಿ’ ಅಂದಿದ್ದು.”

ಆ ಕಡೆ ಕುಕ್ಕರ್ ಕೂಗಿತು.

“ಅಷ್ಟು ಚೆನ್ನಾಗಿ ಮಾತಾಡ್ತಾರಲ್ಲ ಚೇತನ್‌ಭಾಯಿ,” ಎಂದರು ನೇಹಾಬೆನ್. “ನಂಗೆ ನಿಮ್ಮ ಭಾಷೆ ಬರಲ್ಲ ಬೆಹನ್. ಕೋರ್ಟಲ್ಲಿ ಕೇಳಿದ್ರೆ ನಗ್ತಿದ್ರು ಅಂತಾನೇ ಹೇಳ್ಬೇಕಾಗುತ್ತೆ.”

ಹಾಸ್ಟೆಲಿನ ಕಡೆ ನಡೆದೆವು. ಗೇಟಿನ ಹತ್ತಿರ ಅಕ್ಕ ನಿಂತಳು.

“ಸಂಜೆ ಟ್ರೇನಿಗೆ ಟಿಕೆಟ್ ನೋಡೇ.”

“ಎಲ್ಲಿಗೆ?”

“ಮನೆಗೆ. ಇನ್ನೊಂದ್ ಸಲ ರೆಕಾರ್ಡ್ ಮಾಡ್ತೀನಿ.”

“ತಲೆ ಕೆಟ್ಟಿದೆಯಾ ಅಕ್ಕ? ಊರಿಗೆ ಹೋಗು. ದೊಡ್ಡಮ್ಮನಿಗೆ ನಾನು ಹೇಳ್ತೀನಿ.”

“ಏನಂತ? ಅಳಿಯಂದ್ರು ಬಂಗಾರ ಅಂತ ಊರೆಲ್ಲ ಹೇಳ್ಕೊಂಡು ಬಂದಿದಾಳೆ ಅಮ್ಮ. ನಾನು ಹೇಳಿದ್ರೇ ನಂಬಲಿಲ್ಲ, ನೀನು ಹೇಳಿದ್ರೆ ನಂಬ್ತಾಳಾ? ಒಂದ್ ವಾರ ಸಾಕು. ಅವನೇನು ತುಂಬಾ ದಿನ ಕಾಯಿಸಲ್ಲ.”

ಜಗಳವಾಡಿದೆ. ಬೈದೆ. ಅವಳು ಒಪ್ಪಲಿಲ್ಲ. ಪ್ರತಿಯೊಂದು ರೆಕಾರ್ಡಿಂಗನ್ನೂ ಆಗಿಂದಾಗಲೇ ನನ್ನ ಫೋನಿಗೆ ಕಳಿಸಿ ತನ್ನದರಲ್ಲಿ ಅಳಿಸಬೇಕು ಎಂಬುದಕ್ಕೆ ಮಾತ್ರ ಒಪ್ಪಿದಳು.

“ಇಟ್ಕೊಂಡಿರು ಅಷ್ಟೇ. ಕೇಳ್ಬೇಡ,” ಎಂದಳು.

ಮೂರನೆಯ ದಿನ ಬೆಳಿಗ್ಗೆ ಕ್ಲಾಸಿನಲ್ಲಿದ್ದಾಗ ಮೊದಲನೆಯದು ಬಂತು. ಏಳು ನಿಮಿಷ. ಹೊರಗೆ ಬಂದು ಮೆಟ್ಟಿಲ ಮೇಲೆ ಕೂತೆ. ಕೇಳುವುದಿಲ್ಲ ಎಂದು ಅವಳಿಗೆ ಮಾತು ಕೊಟ್ಟಿದ್ದೆ. ಆದರೆ ಫೈಲ್ ತೆರೆಯುತ್ತದೋ ಇಲ್ಲವೋ ನೋಡಲೇಬೇಕಿತ್ತು.

ತೆರೆಯಿತು.