ಅತ್ತಿಗೆ ಕಟ್ಟಿದ ಊರು

ಅತ್ತಿಗೆ ಕಂಪ್ಯೂಟರಿನಲ್ಲಿ ಊರು ಕಟ್ಟುವ ಆಟ ಆಡುತ್ತಿದ್ದಳು. ಅದನ್ನು ತೆರೆಯುವುದು ಹೇಗೆಂದು ಪ್ರತಿ ಸಲವೂ ಮರೆತು, ಹೊಲಿಗೆ ಯಂತ್ರದ ಮುಂದೆ ಕೂತ ಅಣ್ಣನನ್ನು ಕೂಗುತ್ತಿದ್ದಳು. ನಮ್ಮ ಟೈಲರ್ ಅಣ್ಣನಿಗೋ ಮೂಗಿನ ತುದಿಯಲ್ಲೇ ಕೋಪ. ಒಂದು ದಿನ ಪರದೆಯ ಮೇಲೆ ಆಟಕ್ಕೊಂದು ಶಾರ್ಟ್‌ಕಟ್ ಮಾಡಿಟ್ಟು, "ಇಲ್ಲಿ ಒತ್ತು, ಆಟ ಬರತ್ತೆ. ಇನ್ಮೇಲೆ ನನ್ನ ತಲೆ ತಿನ್ಬೇಡ" ಎಂದ.

ಅವಳು ತಿನ್ನಲಿಲ್ಲ. ತನ್ನ ಪಾಡಿಗೆ ಆ ಊರಿನಲ್ಲಿ ಅವನಿಗೊಂದು ಮಹಡಿ ಅಂಗಡಿ, ನನಗೆ ಕೆರೆಯ ಪಕ್ಕ ಮನೆ ಕಟ್ಟಿದಳು. ಅಣ್ಣ ಒಮ್ಮೆಯೂ ಎದ್ದು ಬಂದು ನೋಡಲಿಲ್ಲ.

ಅವಳು ತೀರಿಕೊಂಡ ಮೇಲೆ ಕಂಪ್ಯೂಟರ್ ಪದೇ ಪದೇ ಕೈಕೊಡತೊಡಗಿತು. "ಎಲ್ಲಾ ಅಳಿಸಿ ಹೊಸದಾಗಿ ಹಾಕ್ಬೇಕು. ಬೇಕಾದ್ದನ್ನ ಪೆನ್‌ಡ್ರೈವ್‌ಗೆ ಹಾಕ್ಕೊಳ್ಳಿ" ಎಂದ ರಿಪೇರಿಯವನು. ಅಣ್ಣ ಪರದೆಯ ಮೇಲಿದ್ದ ಆ ಶಾರ್ಟ್‌ಕಟ್ಟಿನ ಪುಟ್ಟ ಚಿತ್ರವನ್ನಷ್ಟೇ ಎಳೆದು ಹಾಕಿಕೊಂಡ.

"ಅಷ್ಟೇ ಸಾಕಾ?" ಎಂದೆ.

"ನಿಂಗೇನೇ ಗೊತ್ತು? ಸುಮ್ನಿರು."

ಕಂಪ್ಯೂಟರ್ ರಿಪೇರಿಯಾಗಿ ಬಂತು. ಅಣ್ಣ ಆ ಚಿತ್ರವನ್ನು ಮತ್ತೆ ಪರದೆಗೆ ತಂದು ಒತ್ತಿದ. ಆಟ ಸಿಗುತ್ತಿಲ್ಲ ಎಂಬ ಸಾಲೊಂದು ಮೂಡಿತು. ರಿಪೇರಿಯವನಿಗೆ ಫೋನ್ ಮಾಡಿ ಬಾಯಿಗೆ ಬಂದಂತೆ ಬೈದ. ಅವನೂ ಬಿಡಲಿಲ್ಲ: "ನೀವು ಉಳಿಸ್ಕೊಂಡಿದ್ದು ಬರೀ ಬಾಗಿಲ ಬೋರ್ಡು ಯಜಮಾನ್ರೇ, ಮನೆ ಅಲ್ಲ!"

ಆಟವನ್ನು ಮತ್ತೆ ಹಾಕಿಸಬಹುದಿತ್ತು. ಆದರೆ ಸಿಗುತ್ತಿದ್ದದ್ದು ಅತ್ತಿಗೆಯ ಊರಲ್ಲ, ಖಾಲಿ ಬಯಲು.

ನನಗೆ ಮೈಯೆಲ್ಲ ಉರಿಯಿತು. ಕೆಲಸಕ್ಕೆ ಬಾರದ ಆ ಚಿತ್ರವನ್ನು ಅಳಿಸಲು ಹೋದೆ. ಅಣ್ಣ ನನ್ನ ಕೈ ಹಿಡಿದ.

"ಇರ್ಲಿ ಬಿಡೇ," ಎಂದ, ಮೆಲ್ಲಗೆ. "ಅವಳು ನನ್ನ ಕೂಗೋದು ನಿಲ್ಸಿದ್ದು ಅದರಿಂದಲೇ."