ಕೆಂಪು ಗೀಟು, ನೀಲಿ ಗೀಟು

ಉಜ್ಜಿಬಿಡ್ಲಾ ಅಮ್ಮಾ, ಅಂತ ಬಣ್ಣ ಬಳಿಯುವವನು ಕೇಳಿದ್ದಕ್ಕೆ ಉಜ್ಜಪ್ಪ ಅಂದಳು, ಅಂದವಳೇ ಒಂದು ನಿಮಿಷ ತಡಿ ಅಂತಲೂ ಅಂದಳು, ಅಡುಗೆಮನೆ ಬಾಗಿಲ ಪಕ್ಕದ ಈ ಗೋಡೆಯಲ್ಲಿ ಪೆನ್ಸಿಲ್ ಗೀಟುಗಳು ಇನ್ನೂ ಇವೆಯಲ್ಲ, ಏಳು ವರ್ಷವಾಯಿತು — ಕೆಂಪು ಮಗಳ ಎತ್ತರದ್ದು, ನೀಲಿ ತನ್ನ ಎಡಗೈಯದು, ಕ್ಯಾನ್ಸರ್ ಅಂತ ಎಡ ಎದೆ ತೆಗೆದ ಮೇಲೆ ಕೊರಡಿನಂತಾಗಿದ್ದ ಕೈ, ಬೆರಳುಗಳನ್ನು ಗೋಡೆ ಮೇಲೆ ಇರುವೆ ಹತ್ತಿದ ಹಾಗೆ ಹತ್ತಿಸಿ, ಎಲ್ಲಿ ನೋವಾಗುತ್ತೋ ಅಲ್ಲೊಂದು ಗೀಟು ಹಾಕಿ, ಅಂದಿದ್ದರು ವ್ಯಾಯಾಮ ಹೇಳಿಕೊಡುವ ಡಾಕ್ಟರಮ್ಮ, ಅಲ್ಲೇ ನರ್ಸೊಬ್ಬಳು ಕಾಗದ ಹಿಡಿದು ಓದುತ್ತಿದ್ದಳು, ಜೀವನದ ಗುಣಮಟ್ಟ ಅಂತೆ, ಹೋದ ವಾರ ನಿದ್ದೆ ಬಂತಾ, ಊಟ ಸೇರ್ತಾ, ಸ್ವಲ್ಪ, ಸಾಧಾರಣ, ತುಂಬಾ, ಯಾವುದಾದ್ರೂ ಒಂದು ಹೇಳಿ — ಮಗಳಿಗೆ ಜಡೆ ಹಾಕೋಕೆ ಆಗುತ್ತಾ ಅನ್ನುವ ಪ್ರಶ್ನೆ ಮಾತ್ರ ಇರಲಿಲ್ಲ, ಅದೊಂದಿದ್ದಿದ್ದರೆ ಅಷ್ಟುದ್ದದ ಕಾಗದವೇ ಬೇಕಿರಲಿಲ್ಲ.

ಹತ್ತು ವರ್ಷದ ಮಗು ತಾನೇ ಜಡೆ ಹಾಕಿಕೊಂಡು ಶಾಲೆಗೆ ಹೋಗುತ್ತಿತ್ತು, ಒಂದು ಕಿವಿಯ ಮೇಲೆ, ಇನ್ನೊಂದು ಕತ್ತಿನ ಹಿಂದೆ, ಹಾಲು ಕುಡಿಯುವಾಗ ಎಡಗಡೆಯೇ ಬೇಕು ಅಂತ ಹಠ ಹಿಡಿಯುತ್ತಿದ್ದ ಕೂಸು ಅದು, ಆ ಜಾಗ ಖಾಲಿಯಾದದ್ದು ನೋಡಿ ಪಂದ್ಯ ಕಟ್ಟಿತು, ನಿನ್ನ ಕೈ ನನ್ನ ತಲೆ ದಾಟಿದ ದಿನ ನೀನೇ ಜಡೆ ಹಾಕ್ಬೇಕು, ಭಾನುವಾರ ಭಾನುವಾರ ಆ ಉದ್ದನೆಯ ಹಳದಿ ಫ್ರಾಕು ತೊಟ್ಟು ಗೋಡೆಗೆ ಬೆನ್ನು ಕೊಟ್ಟು ನಿಲ್ಲುತ್ತಿದ್ದಳು, ಅಂಚು ನೆಲ ಗುಡಿಸುತ್ತಿತ್ತು, ತಲೆಯ ಮೇಲೆ ಸ್ಕೇಲು, ಕೆಂಪು ಗೀಟು, ಆಮೇಲೆ ತನ್ನ ಬೆರಳುಗಳ ಸರದಿ, ಹತ್ತು ಹತ್ತು, ಇನ್ನೊಂದು ಚೂರು ಅಮ್ಮ, ಕಣ್ಣಲ್ಲಿ ನೀರು, ಬಾಯಲ್ಲಿ ನಗು — ತನ್ನ ತಲೆಯಲ್ಲಿ ಒಂದೆಳೆ ಕೂದಲಿಲ್ಲದೆ ಟವೆಲು ಸುತ್ತಿಕೊಂಡಿದ್ದ ಆ ಭಾನುವಾರಗಳು ಮತ್ತೆ ಬೇಕು ಅನ್ನಿಸುತ್ತದಲ್ಲ, ಯಾರಿಗಾದರೂ ಹೇಳಿದರೆ ನಕ್ಕಾರು. ನೀಲಿ ಏರಿತು, ಕೆಂಪು ಏರಲಿಲ್ಲ, ಎಂಟು ತಿಂಗಳು ಒಂದೇ ಕಡೆ ಗೀಟಿನ ಮೇಲೆ ಗೀಟು, ತನ್ನ ಕಾಯಿಲೆ ಮಗುವಿನ ಬೆಳವಣಿಗೆಯನ್ನೂ ತಿಂದಿತೇ ಅಂತ ಉಳಿದರ್ಧ ಎದೆ ಧಸಕ್ಕೆಂದಿತ್ತು, ಗಂಡನಿಗೂ ಹೇಳದೆ ಟಾನಿಕ್ ತಂದು ಕುಡಿಸಿದಳು, ನೀಲಿ ಕೆಂಪನ್ನು ದಾಟಿದ ಭಾನುವಾರ ಎರಡು ಜಡೆ ಹಾಕಿದಳು, ಕೈ ಸೋತು ಬೈತಲೆ ಸೊಟ್ಟಗಾಯಿತು, ನಾನೇ ಹಾಕ್ಕೊಂಡೆ ಅಂತ ಹೇಳ್ತೀನಿ ಬಿಡು ಅಂದಿದ್ದಳು ಕಳ್ಳಿ, ಮರುತಿಂಗಳೇ ಕೆಂಪು ಮೂರು ಬೆರಳು ಜಿಗಿದಿತ್ತು, ಟಾನಿಕ್ಕಿನ ಪುಣ್ಯ ಅಂದುಕೊಂಡಳು — ಆದರೂ ಇವತ್ತಿಗೂ ಮಗಳು ಗೆಳತಿಯರ ಪಕ್ಕ ಒಂದು ಚೂರು ಗಿಡ್ಡ ಕಂಡರೆ ಆ ಎಂಟು ತಿಂಗಳನ್ನು ತಾನೇ ಕದ್ದೆ ಅನ್ನಿಸುತ್ತದೆ.

ಒದ್ದೆ ತಲೆ ಒರೆಸಿಕೊಳ್ಳುತ್ತ ಮಗಳು ಬಂದಳು, ಗೋಡೆ ನೋಡಿ ನಕ್ಕಳು, ಇಲ್ಲೇ ಅಲ್ವಾ ಅಮ್ಮ ನಾನು ಮೋಸ ಮಾಡ್ತಿದ್ದದ್ದು, ಏನೇ ಮೋಸ, ಮಂಡಿ ಬಗ್ಗಿಸ್ತಿದ್ದೆ, ಫ್ರಾಕಿನೊಳಗೆ, ಇಲ್ಲಾಂದ್ರೆ ನಿನ್ನ ಕೈ ಯಾವತ್ತು ನನ್ನ ತಲೆ ದಾಟ್ತಿತ್ತು, ನಿಂಗೆ ಗೊತ್ತಾಗಲೇ ಇಲ್ವಾ — ಗೊತ್ತಾಗಲಿಲ್ಲ, ತನ್ನ ಕಣ್ಣು ಸ್ಕೇಲಿನ ಮೇಲಿತ್ತು, ಓಡಾಡುವಾಗ ಕಣಕಾಲು ಕಾಣುವ ಫ್ರಾಕು ಈ ಗೋಡೆಯ ಮುಂದೆ ಮಾತ್ರ ಯಾಕೆ ನೆಲ ಮುಟ್ಟುತ್ತದೆ ಅಂತ ಒಂದು ಸಲವೂ ಕೇಳಿಕೊಳ್ಳಲಿಲ್ಲ, ಎಂಟು ತಿಂಗಳು, ಪ್ರತಿ ಭಾನುವಾರ, ಹತ್ತು ವರ್ಷದ ಮಂಡಿಗಳು ನಡುಗಿರಬೇಕು, ಉಜ್ಜಲಾ ಅಮ್ಮಾ, ಅವನು ಮತ್ತೆ ಕೇಳುತ್ತಿದ್ದಾನೆ, ಅವಳಿಗೆ ಗೋಡೆ ಕಾಣುತ್ತಿಲ್ಲ, ಹಳದಿ ಫ್ರಾಕು ಕಾಣುತ್ತಿದೆ, ಅದರ ಅಂಚು, ನೆಲದ ಮೇಲೆ, ಅದರ ಅಂಚು