ಗೇಟಿನ ಗೋಡೆಯ ಏಳನೇ ಸಾಲು

ಕನ್ನಡಕದ ಗಾಜು ಮಾಡುವ ಕಾರ್ಖಾನೆಯ ಗೇಟಿನ ಪಕ್ಕದ ಗೋಡೆಗೆ ಏಳು ಸಾಲು ಬರೆಯುವ ಕೆಲಸ ನನಗೆ ಸಿಕ್ಕಿತ್ತು. ಹೆಣ್ಣಿನ ಸ್ವಾತಂತ್ರ್ಯದ ಬಗ್ಗೆ ಸ್ಫೂರ್ತಿ ತುಂಬುವ ಮಾತುಗಳಿರಬೇಕು, ಅವನ್ನು ಅಲ್ಲಿ ದುಡಿಯುವ ಹೆಂಗಸರೇ ಹೇಳಿರಬೇಕು ಎಂಬುದು ಮ್ಯಾನೇಜರ ಆಸೆ. ಹೆಸರು ಹಾಕದೆ ಒಂದೊಂದು ಚೀಟಿ ಬರೆಯಿರಿ ಎಂದು ಕ್ಯಾಂಟೀನಿನಲ್ಲಿ ಡಬ್ಬ ಇಟ್ಟರು. ನಲವತ್ತಮೂರು ಚೀಟಿ ಬಿದ್ದವು. ಗೋಡೆಯ ಅಳತೆ ಗೊತ್ತಿರುವುದು ನಿಮಗೇ ಎಂದು ಆರಿಸುವ ಹೊರೆಯನ್ನೂ ನನ್ನ ತಲೆಗೇ ಕಟ್ಟಿದರು.

ಒಂಬತ್ತು ಚೀಟಿಗಳಲ್ಲಿ ಹೆಣ್ಣು ಅಬಲೆಯಲ್ಲ ಎಂದಿತ್ತು. ಹನ್ನೆರಡರಲ್ಲಿ ಆಕಾಶ, ರೆಕ್ಕೆ, ಹಾರಾಟ. ಒಬ್ಬಳು ಮಾತ್ರ ಶೌಚಾಲಯದ ಚಿಲಕ ಸರಿ ಮಾಡಿಸಿ ಎಂದು ಬರೆದಿದ್ದಳು, ಅದನ್ನು ಓದಿ ನಕ್ಕು ಮ್ಯಾನೇಜರ ಮೇಜಿನ ಮೇಲೆ ಬೇರೆಯಾಗಿ ಇಟ್ಟುಬಂದೆ. ಆರು ಸಾಲು ಹೇಗೋ ಹೊಂದಿಸಿದೆ. ಏಳನೆಯದಕ್ಕೆ ಹುಡುಕುವಾಗ ನಾಲ್ಕು ಮಡಿಕೆ ಮಾಡಿದ ಒಂದು ಚೀಟಿ ಕೈಗೆ ಬಂತು.

‘ನಾಳೆಯಿಂದ ನನ್ನನ್ನು ಕರೆದುಕೊಂಡು ಹೋಗಲು ಯಾರೂ ಬರಬೇಕಾಗಿಲ್ಲ.’

ಅಷ್ಟೇ. ಮೂರು ಸಲ ಓದಿದೆ. ಇಪ್ಪತ್ತು ವರ್ಷದಿಂದ ಅಂಗಡಿ, ಶಾಲೆ, ಆಸ್ಪತ್ರೆ ಎಂದು ಬೋರ್ಡು ಬರೆದಿದ್ದೇನೆ. ಬರೆದದ್ದನ್ನೆಲ್ಲ ತಲೆಗೆ ಹಾಕಿಕೊಂಡಿದ್ದರೆ ಇಷ್ಟು ಹೊತ್ತಿಗೆ ಹುಚ್ಚು ಹಿಡಿಯುತ್ತಿತ್ತು. ಆದರೆ ಇದು ತಲೆಯೊಳಗೆ ಕೂತೇಬಿಟ್ಟಿತು. ಯಾರು ಇವಳು? ಕರೆದುಕೊಂಡು ಹೋಗಲು ಬರುವವರು ಯಾರು? ನಾಳೆ ಏನಿದೆ? ಇನ್ನೊಬ್ಬರ ವಿಷಯದಲ್ಲಿ ಮೂಗು ತೂರಿಸುವ ಚಟ ನನಗೆ ಮೊದಲಿನಿಂದಲೂ ಇದೆ, ಅದನ್ನು ಮುಚ್ಚಿಡುವುದಿಲ್ಲ.

ಬುಧವಾರ ಸೀಮೆಸುಣ್ಣದಲ್ಲಿ ಏಳೂ ಸಾಲು ಬರೆದೆ. ನಾನು ಮೊದಲು ಸೀಮೆಸುಣ್ಣದಲ್ಲಿ ಬರೆದು, ದೂರ ನಿಂತು ನೋಡಿ, ಎರಡು ದಿನ ಬಿಟ್ಟೇ ಬಣ್ಣ ಹಚ್ಚುವವಳು. ಸಂಜೆ ಐದಕ್ಕೆ ಏಣಿಯ ಮೇಲೆ ಕೂತೇ ಗೇಟು ನೋಡಿದೆ. ಅಬ್ಬಾ, ಏನು ಸಂತೆ! ಗಂಡಂದಿರು, ಅಪ್ಪಂದಿರು, ಮಕ್ಕಳು, ಒಬ್ಬ ಮಾವ. ಇಪ್ಪತ್ತಕ್ಕೂ ಹೆಚ್ಚು ಗಾಡಿಗಳು ಗುರುಗುಟ್ಟುತ್ತ ನಿಂತಿದ್ದವು. ಎಲ್ಲರೂ ಗೋಡೆ ಓದಿದರು, ಏಳನೇ ಸಾಲನ್ನು ಎಲ್ಲರೂ ಎರಡೆರಡು ಸಲ ಓದಿದರು. ಅನುಮಾನ ಪಡುವುದಾದರೂ ಯಾರ ಮೇಲೆ?

ಗುರುವಾರ ಬೆಳಿಗ್ಗೆ ಬಂದು ನೋಡಿದರೆ ಆರು ಸಾಲು ಇದ್ದ ಹಾಗೇ ಇವೆ, ಏಳನೆಯದು ಮಾತ್ರ ಇಲ್ಲ. ಯಾರೋ ನೀಟಾಗಿ ಒರೆಸಿದ್ದರು. ನನಗೆ ಮೈಯೆಲ್ಲ ಉರಿದುಹೋಯಿತು. ನೆಟ್ಟಗೆ ಮ್ಯಾನೇಜರ ಕೋಣೆಗೆ ಹೋದೆ.

“ನಾನ್ಯಾಕೆ ಒರೆಸ್ಲಿ ಪೇಂಟರಮ್ಮ?” ಎಂದರು ಅವರು. “ಆದ್ರೆ ನಿಜ ಹೇಳ್ಬೇಕು ಅಂದ್ರೆ, ಅದ್ರಲ್ಲಿ ಸ್ಫೂರ್ತಿ ಎಲ್ಲಿದೆ? ಆಕಾಶ ಇಲ್ಲ, ಏನಿಲ್ಲ.”

“ಆಕಾಶ ಉಳಿದ ಆರರಲ್ಲೂ ಇದೆ, ಸಾಲ್ದಾ?” ಎಂದು ಹೇಳಿ ಬಂದೆ. ಸಾಲನ್ನು ಮತ್ತೆ ಬರೆದೆ. ಕಾವಲುಗಾರನನ್ನು ಕೇಳಿದರೆ ಅವನು ಆಣೆ ಪ್ರಮಾಣ ಮಾಡಲು ಶುರುಮಾಡಿದ. ಗೇಟಿನಲ್ಲಿ ಕಾಯುವ ಗಂಡಸರಲ್ಲಿ ಯಾರೋ ಒಬ್ಬನಿಗೆ ಚುರುಕ್ಕೆಂದಿದೆ, ಅವನದೇ ಕೆಲಸ ಎಂದುಕೊಂಡೆ. ಅವರಲ್ಲಿ ಇಬ್ಬರನ್ನು ಕೆಕ್ಕರಿಸಿ ನೋಡಿದ್ದೂ ಆಯಿತು. ಪಾಪ, ಸುಮ್ಮನೆ ನೋಡಿದೆ.

ಶುಕ್ರವಾರ ಬೆಳಿಗ್ಗೆ ಮತ್ತೆ ಅದೇ ಕತೆ. ಹತ್ತು ಗಂಟೆಗೆ ನೀರು ಕುಡಿಯಲು ಒಳಗೆ ಹೋದಾಗ ತಪಾಸಣೆಯ ಕೋಣೆಯಲ್ಲಿ ಗುಲ್ಲೆದ್ದಿತ್ತು. ಗಾಜುಗಳನ್ನು ದೀಪಕ್ಕೆ ಹಿಡಿದು ಗೀರು, ಗುಳ್ಳೆ ಹುಡುಕುವ ಕೋಣೆ ಅದು. ಅಲ್ಲಿ ಒಂದು ಕೂದಲು ಬಿದ್ದರೂ ರಂಪ. ಅಂಥದ್ದರಲ್ಲಿ ಒಂದು ಟ್ರೇ ತುಂಬ ಗಾಜುಗಳ ಮೇಲೆ ಬಿಳಿ ಪುಡಿ ಅಂಟಿಕೊಂಡು ವಾಪಸು ಬಂದಿತ್ತಂತೆ. ನಿನ್ನೆಯೂ ಹೀಗೇ ಆಗಿತ್ತಂತೆ. ಅದೂ ಹನ್ನೊಂದು ವರ್ಷದಲ್ಲಿ ಒಂದು ಟ್ರೇಯೂ ವಾಪಸು ಬಾರದವಳ ಮೇಜಿನಿಂದ ಹೋದದ್ದು. ಅವಳನ್ನು ಎಲ್ಲರೂ ಹದ್ದಿನಕಣ್ಣಕ್ಕ ಎಂದೇ ಕರೆಯುತ್ತಿದ್ದರು.

ಒಂದು ಗಾಜನ್ನು ಎತ್ತಿ ಬೆರಳಲ್ಲಿ ತಿಕ್ಕಿದೆ. ಇಪ್ಪತ್ತು ವರ್ಷ ಅದೇ ಪುಡಿ ತಿಂದವಳಿಗೆ ಗೊತ್ತಾಗದೇ ಇರುತ್ತದೆಯೇ? ಅದು ನನ್ನದೇ ಸೀಮೆಸುಣ್ಣ. ಹದ್ದಿನಕಣ್ಣಕ್ಕ ತನ್ನ ನೀಲಿ ಕೋಟಿನ ಬೆಳ್ಳಗಾದ ತೋಳನ್ನು ಮೇಜಿನ ಕೆಳಗೆ ಸರಿಸಿದಳು. ನಾನು ಗಾಜನ್ನು ಟ್ರೇಯಲ್ಲಿಟ್ಟು ಹೊರಬಂದೆ.

ಊಟದ ಹೊತ್ತಿಗೆ ಕ್ಯಾಂಟೀನಿನ ಮೂಲೆಯಲ್ಲಿ ಅವಳೆದುರು ಹೋಗಿ ಕೂತೆ.

“ಬರೆದಿದ್ದೂ ನೀವೇ, ಒರೆಸಿದ್ದೂ ನೀವೇ. ಹೌದಾ?”

ಅವಳು ಡಬ್ಬಿಯ ಮುಚ್ಚಳ ತಿರುಗಿಸುತ್ತ ಕೂತಳು. ನಲವತ್ತರ ಆಸುಪಾಸು, ಸಣ್ಣ ದನಿ. ಕೊನೆಗೆ ಬಾಯಿ ಬಿಟ್ಟಳು. ಗಂಡ ತೀರಿಕೊಂಡ ಮೇಲೆ ಅಣ್ಣನ ಮನೆಯಲ್ಲಿದ್ದಾಳೆ. ಕೆಲಸಕ್ಕೆ ಸೇರಿದ ಮೊದಲ ವಾರ ಬಸ್ಸು ತಪ್ಪಿಹೋಗಿ ಅಣ್ಣ ಕರೆಯಲು ಬಂದಿದ್ದನಂತೆ. ಅದೇ ಹನ್ನೊಂದು ವರ್ಷ ನಡೆದುಬಂತು. ಬೆಳಿಗ್ಗೆ ಎಲ್ಲರಿಗಿಂತ ಮೊದಲು ಕರೆತಂದು ಬಿಡುತ್ತಾನೆ, ಸಂಜೆ ಬಂದು ನಿಲ್ಲುತ್ತಾನೆ.

“ಕೆಟ್ಟೋನಾಗಿದ್ರೆ ಯಾವತ್ತೋ ಹೇಳ್ಬಿಡ್ತಿದ್ದೆ,” ಎಂದಳು. “ಜ್ವರ ಇದ್ರೂ ಬರ್ತಾನೆ. ಅಂಥೋನಿಗೆ ಹೇಗೆ ಹೇಳ್ಲಿ?”

“ಈಗೇನು ಹೇಳೋ ಅಂಥದ್ದು ಬಂತು?”

ಪಕ್ಕದ ಊರಿನಲ್ಲಿ ಹೊಸ ಶಾಖೆ ತೆರೆಯುತ್ತಿದೆ. ಅಲ್ಲಿನ ಹೊಸ ಹುಡುಗಿಯರಿಗೆ ತಪಾಸಣೆ ಕಲಿಸಲು ಅವಳನ್ನು ಕೇಳಿದ್ದಾರೆ. ದಿನಾ ಬಸ್ಸಿನಲ್ಲಿ ಒಬ್ಬಳೇ ಹೋಗಿಬರಬೇಕು, ಹೊತ್ತುಗೊತ್ತು ಇರುವುದಿಲ್ಲ. ಒಪ್ಪಿಗೆ ಇವತ್ತು ಸಂಜೆ ಐದೂವರೆಯೊಳಗೆ ಹೇಳಬೇಕು, ಇಲ್ಲದಿದ್ದರೆ ಬೇರೆಯವರ ಪಾಲು.

“ನಿಮಗೆ ಆಸೆ ಇದ್ಯಾ?”

“ಇದೆಯಾ ಅಂತೀರಾ!” ಮೊದಲ ಸಲ ಅವಳ ದನಿ ಏರಿತು. “ಗಾಜು ನೋಡೋದು ಹೇಗೆ ಅಂತ ನನ್ನಷ್ಟು ಇಲ್ಲಿ ಯಾರಿಗೂ ಗೊತ್ತಿಲ್ಲ. ಅದನ್ನ ಹೇಳಿಕೊಡ್ಬೇಕು ಅಂತ ಎಷ್ಟು ವರ್ಷದಿಂದ ಇದೆ! ಬಾಯಲ್ಲಿ ಬರ್ಲಿಲ್ಲ ಅಂತ ಚೀಟೀಲಿ ಬರೆದೆ. ಗೋಡೆ ಮೇಲೆ ನೋಡಿದ್ರೆ ಎದೆ ಧಸಕ್ ಅಂತು. ಅವನು ಓದ್ಬಿಟ್ರೆ?”

“ಓದಿದ್ದಾನಲ್ಲ, ಎರಡು ಸಂಜೆ.”

“ಬೇರೆ ಯಾರದ್ದೋ ಅಂದ್ಕೊಂಡ. ಪಾಪ ಅವರ ಮನೆಯವರು ಅಂದ.”

ನಗು ಬಂತು. ನಾಲ್ಕು ಬುದ್ಧಿಮಾತು ಹೇಳಲು ನಾಲಿಗೆ ತುರಿಸಿತು. ಆದರೆ ಅವಳಿಗೆ ಏನು ಬೇಕು ಎಂದು ಇಷ್ಟು ದಿನ ಎಲ್ಲರೂ ಹೇಳಿದ್ದಾರೆ, ನಾನೂ ಒಬ್ಬಳು ಯಾಕೆ? “ನೀವು ಹೇಳೋವರೆಗೂ ಆ ಜಾಗ ಖಾಲಿ ಇರುತ್ತೆ,” ಎಂದಷ್ಟೇ ಹೇಳಿ ಎದ್ದೆ.

ಮಧ್ಯಾಹ್ನವಿಡೀ ಆರು ಸಾಲಿಗೆ ಬಣ್ಣ ಹಚ್ಚಿದೆ. ಐದು ಹೊಡೆಯಿತು. ಗಾಡಿಗಳು ಬಂದವು, ಹೆಂಗಸರು ಒಬ್ಬೊಬ್ಬರಾಗಿ ಹತ್ತಿ ಹೋದರು. ಕೊನೆಗೆ ದಪ್ಪ ಮೀಸೆಯವನೊಬ್ಬನೇ ಉಳಿದ. ಹಿಂದಿನ ಸೀಟನ್ನು ಕರ್ಚೀಫಿನಿಂದ ಒರೆಸಿ, ಗಾಡಿಯ ಎಂಜಿನ್ ನಿಲ್ಲಿಸದೆ ನಿಂತಿದ್ದ. ಹದ್ದಿನಕಣ್ಣಕ್ಕ ಹೊರಬಂದಳು.

“ಅಲ್ಲಮ್ಮ, ಆ ಏಳನೇ ಸಾಲು ಎಲ್ಲೋಯ್ತು?” ಎಂದು ಅವನು ನನ್ನನ್ನು ಕೇಳಿದ.

ನಾನು ಬ್ರಷ್ಷನ್ನು ಎತ್ತಿ ಹಿಡಿದೇ ಅವಳ ಕಡೆ ನೋಡಿದೆ. ಬ್ರಷ್ಷಿನಿಂದ ಬಣ್ಣ ಮೊಣಕೈವರೆಗೂ ಇಳಿಯುತ್ತಿತ್ತು.

“ನಾನು ಒರೆಸ್ದೆ ಅಣ್ಣ,” ಎಂದಳು ಅವಳು. “ಬರೆದಿದ್ದೂ ನಾನೇ.”

ಅವನು ತಂಗಿಯ ಮುಖವನ್ನು ನೋಡಿದ, ಗೋಡೆ ನೋಡಿದ, ಮತ್ತೆ ಅವಳನ್ನು ನೋಡಿದ.

“ನಾನು ಬರೋದು ನಿಂಗೆ ಕಷ್ಟವಾ?”

“ನೀನು ಬರೋದು ಕಷ್ಟ ಅಲ್ಲ. ಒಬ್ಬಳೇ ಹೋಗೋದು ನಂಗೆ ಬೇಕು.” ಹೊಸ ಶಾಖೆ, ಬಸ್ಸು, ಕಲಿಸುವ ಕೆಲಸ, ಎಲ್ಲವನ್ನೂ ಒಂದೇ ಉಸಿರಿಗೆ ಹೇಳಿದಳು.

“ಒಪ್ಕೊಂಡ್ಬಿಟ್ಯಾ?”

“ಇನ್ನೂ ಇಲ್ಲ. ಹತ್ತು ನಿಮಿಷ ಇದೆ.”

ಅವನು ಏನಾದರೂ ಹೇಳುತ್ತಾನೆ ಎಂದು ಅವಳು ಕಾದಳು. ಅವನು ಕರ್ಚೀಫು ಮಡಿಸುತ್ತ ನಿಂತ. ಅವಳು ಹೆಚ್ಚು ಹೊತ್ತು ಕಾಯಲಿಲ್ಲ. ತಿರುಗಿ, ಗೇಟು ದಾಟಿ, ಮ್ಯಾನೇಜರ ಕೋಣೆಯ ಕಡೆಗೆ ನಡೆದಳು.

ಅವನು ಆ ಬೆನ್ನನ್ನೇ ನೋಡುತ್ತಿದ್ದ. ಆಮೇಲೆ ಕೈ ಚಾಚಿ ಗಾಡಿಯ ಎಂಜಿನ್ ನಿಲ್ಲಿಸಿದ.

“ಒಳಗೆ ಎಷ್ಟೊತ್ತಾಗಬಹುದು?” ಎಂದು ಕೇಳಿದ.

“ಗೊತ್ತಿಲ್ಲಪ್ಪ,” ಎಂದೆ. “ಅವರಿಗೇ ಗೊತ್ತು.”